ಕುಸುಬಿ ಹಾಲಿನ ಗಂಜಿ

ಬೆಕ್ಕು ಗಂಜಿಯ ಬಟ್ಟಲಿಗೆ ಬಾಯಿ ಹಾಕಿದಾಗಲೇ ಚನ್ನಮಲ್ಲಮ್ಮನಿಗೆ ಅನುಮಾನ ಹುಟ್ಟಿತು.

ಕುಸುಬಿ ಹಾಲಿನ ಗಂಜಿಯನ್ನು ಆ ಬೆಕ್ಕು ಎಂದೂ ಮೂಸಿ ನೋಡಿದ್ದಲ್ಲ. ಇಂದು ಬಟ್ಟಲಿನ ತಳದವರೆಗೆ ನೆಕ್ಕಿ, ಮೀಸೆ ಒರೆಸಿಕೊಂಡು, ಇನ್ನೂ ಇದೆಯೇ ಎಂಬಂತೆ ಮುದುಕಿಯ ಮುಖ ನೋಡಿತು. ಬೆಕ್ಕಿಗೆ ಹರಕೆಗಿರಕೆ ಇರುವುದಿಲ್ಲ. ಚನ್ನಮಲ್ಲಮ್ಮನಿಗೆ ಇತ್ತು.

ರಜಾಕಾರರ ಗದ್ದಲ ಜೋರಾದಾಗ ಕುರ್ಡಿಯ ಗಂಡಸರು ಒಬ್ಬೊಬ್ಬರಾಗಿ ತುಂಗಭದ್ರೆ ದಾಟಿ ಆಚೆ ಸೀಮೆ ಸೇರಿದ್ದರು. ಅವಳ ಒಬ್ಬನೇ ಮಗ ಮರಿಸ್ವಾಮಿಯೂ ಹೋದ. ಚೀಕಲಪರ್ವಿಯ ದಡದಲ್ಲಿ ಅವನನ್ನು ಹರಿಗೋಲು ಹತ್ತಿಸಿ, ಬೊಗಸೆಯಲ್ಲಿ ಹೊಳೆಯ ನೀರು ಹಿಡಿದು ಅವಳು ಹರಕೆ ಹೊತ್ತಳು. ಮಗ ಹೊಳೆ ದಾಟಿ ಈಚೆ ದಡಕ್ಕೆ ಕಾಲಿಡುವ ತನಕ ಹಾಲು, ಮೊಸರು, ತುಪ್ಪ ಮುಟ್ಟುವುದಿಲ್ಲ. ಮುಟ್ಟಿದರೆ ಹೊಳೆ ಅವನನ್ನು ತನ್ನಲ್ಲೇ ಇಟ್ಟುಕೊಳ್ಳಲಿ. ಪಕ್ಕದಲ್ಲಿ ನಿಂತಿದ್ದ ಸೊಸೆ ಸೂಗಮ್ಮ ಆ ಮಾತನ್ನೆಲ್ಲ ಕೇಳಿಸಿಕೊಂಡಿದ್ದಳು.

ಗದ್ದಲ ಮುಗಿಯಿತು, ನಿಜಾಮನ ರಾಜ್ಯವೂ ಮುಗಿಯಿತು. ಹೋದವರೆಲ್ಲ ಊರಿಗೆ ಬಂದರು. ಮರಿಸ್ವಾಮಿ ಬರಲಿಲ್ಲ. ಕಾದು ಕಾದು ಚನ್ನಮಲ್ಲಮ್ಮ ಜ್ವರ ಹಿಡಿದು ಮಲಗಿ ಎದ್ದಳು. ಹಲ್ಲಿಲ್ಲದ ಬಾಯಿಗೆ ರೊಟ್ಟಿ ಸೇರದಾಯಿತು. ಆಗ ಸೂಗಮ್ಮ ಈ ಗಂಜಿ ಶುರು ಮಾಡಿದಳು. ಬಾವಿ ನೀರಿನಲ್ಲಿ ಬೆಳೆದ ಎಳೆ ಮೆಕ್ಕೆಜೋಳದ ಕಾಳು ಬಿಡಿಸಿ, ಒರಳಲ್ಲಿ ರುಬ್ಬಿ, ತೆಳು ಬಟ್ಟೆಯಲ್ಲಿ ಸೋಸುವಳು. ನೆನೆಹಾಕಿದ ಕುಸುಬಿಯನ್ನು ಅರೆದು ಹಿಂಡಿ ಬೆಳ್ಳನೆಯ ಹಾಲು ತೆಗೆಯುವಳು. ಅದು ಕುದಿ ಬಂದರೆ ಒಡೆದುಹೋಗುತ್ತದೆ. ಅದಕ್ಕೇ ಸಣ್ಣ ಉರಿಯಲ್ಲಿ ಕೈ ಬಿಡದೆ ತಿರುವುವಳು. ಮೇಲೆ ಜೀರಿಗೆ, ಮೆಣಸು, ಉಪ್ಪು. ಹಸುವಿನ ಹಾಲಿನ ಹನಿಯೂ ಇಲ್ಲದೆ ಗಂಜಿ ಬೆಣ್ಣೆಯಂತೆ ಇಳಿಯುತ್ತಿತ್ತು. ಕೊನೆಗೆ ಗಂಟಲಲ್ಲಿ ಕುಸುಬಿಯ ಸಣ್ಣ ಕಹಿ ಉಳಿಯುತ್ತಿತ್ತು, ಅಷ್ಟೇ.

ಈಗ ನೆನೆಸಿಕೊಂಡರೆ, ಆ ಕಹಿ ಇತ್ತೀಚೆಗೆ ಇರಲೇ ಇಲ್ಲ.

ಯಾವಾಗಿನಿಂದ? ಸೂಗಮ್ಮ ತಂಗಿಯ ಮದುವೆಗೆಂದು ದೇವದುರ್ಗದ ತವರಿಗೆ ಹೋಗಿ ಬಂದಾಗಿನಿಂದ. ಮದುವೆ ಮನೆಯ ಒಂದು ಉಂಡಿಯನ್ನೂ ತರದೆ, ಮರುದಿನವೇ ಬಸ್ಸು ಹತ್ತಿ ಬಂದುಬಿಟ್ಟಿದ್ದಳು. ವರ ಹೇಗಿದ್ದಾನೆಂದು ಅತ್ತೆ ಕೇಳಿದ್ದಕ್ಕೆ, “ಗೊತ್ತಿದ್ದ ಮನಿತನ ಅದರೀ ಯವ್ವಾ,” ಎಂದಷ್ಟೇ ಹೇಳಿ ಒಲೆಯ ಕಡೆ ತಿರುಗಿದ್ದಳು. ದಿನವೂ ಗಂಡನ ಪಾಲಿನದೆಂದು ಒಂದು ರೊಟ್ಟಿಯನ್ನು ಬುಟ್ಟಿಯಲ್ಲಿ ಮುಚ್ಚಿಡುತ್ತಿದ್ದವಳು ಅದನ್ನು ಬಿಟ್ಟಳು. ರಾಯಚೂರಿನ ಬಸ್ಸು ಬರುವ ಹೊತ್ತಿಗೆ ಬಾಗಿಲಿಗೆ ಬರುವುದನ್ನೂ ಬಿಟ್ಟಳು. ವಯಸ್ಸಿನವಳು, ಕಾದು ಬೇಸತ್ತಿದ್ದಾಳೆ ಎಂದು ಮುದುಕಿ ಒಳಗೊಳಗೇ ನೊಂದಿದ್ದಳು.

ಬೆಕ್ಕು ನೆಕ್ಕಿದ ಮರುದಿನ ಚನ್ನಮಲ್ಲಮ್ಮ ಗಂಜಿ ಕುಡಿಯದೆ ಆರಲು ಬಿಟ್ಟಳು. ಮೇಲೆ ಕಟ್ಟಿದ ಕೆನೆಯನ್ನು ಬೆರಳಲ್ಲಿ ಎತ್ತಿ ಮೂಸಿದಳು. ಎಮ್ಮೆ ಹಾಲಿನ ವಾಸನೆ.

ಗೋಡೆಯಾಚೆ ಎಮ್ಮೆ ಕಟ್ಟಿಕೊಂಡಿದ್ದವಳು ಅಮೀರ್ ಬೀ. ಕೇಳಿದ್ದಕ್ಕೆ ಅವಳೇನೂ ಮುಚ್ಚಿಡಲಿಲ್ಲ.

“ತಂಗಿ ಮದುವಿ ಮುಗಿಸಿ ಬಂದಾಗಿಂದ ದಿನಾ ಒಂದು ಚಂಬು ಒಯ್ತಾಳಲ್ಲಕ್ಕಾ. ಅತ್ತಿ ಭಾಳ ಸೊರಗ್ಯಾಳ, ಗಟ್ಟಿ ಹಾಲು ಕೊಡು ಅಂತಾಳ.”

ಚನ್ನಮಲ್ಲಮ್ಮ ಅಲ್ಲಿಂದಲೇ ಮನೆಯ ಕಡೆ ತಿರುಗಿದಳು. ಹಾಗಾದರೆ ಇಷ್ಟು ದಿನ ಗುಟುಕು ಗುಟುಕಾಗಿ ಮಗನನ್ನು ತಾನೇ ಹೊಳೆಗೆ ನೂಕಿದ್ದಳು. ಅವನು ಬಾರದಿರುವುದು ಇದಕ್ಕೇ! ಮಾಡಿದವಳಾದರೂ ಯಾರು? ಮದುವೆಯಾಗಿ ಎಂಟು ವರ್ಷವಾದರೂ ಮಡಿಲು ತುಂಬದ ಸೂಗಮ್ಮ. ಇನ್ನೊಂದು ಹೆಣ್ಣು ತನ್ನಿ ಎಂದು ಊರೆಲ್ಲ ಹೇಳಿದಾಗ, ಮಗನೂ ಅದಕ್ಕೆ ತಲೆಯಾಡಿಸಿದಾಗ, ತಾನು ಬದುಕಿರುವ ತನಕ ಈ ಹೊಸ್ತಿಲನ್ನು ಬೇರೊಬ್ಬಳು ತುಳಿಯಕೂಡದೆಂದು ಮಗನ ಬಾಯಿ ಮುಚ್ಚಿಸಿದವಳು ಚನ್ನಮಲ್ಲಮ್ಮ. ಮಗಳಂತೆ ನೋಡಿಕೊಂಡಿದ್ದಳು. ಆ ಮಗಳೇ ಕತ್ತು ಕೊಯ್ದಿದ್ದಳು.

ಸೂಗಮ್ಮ ಒಲೆಯ ಮುಂದೆ ಗಂಜಿ ತಿರುವುತ್ತಿದ್ದಳು. ಮುದುಕಿ ಹಾಲಿನ ಚಂಬನ್ನು ಎತ್ತಿ ಅವಳ ಮುಂದೆ ಕುಕ್ಕಿದಳು.

“ಯಾರ ಹಾಲಿದು?”

“ಅಮೀರ್ ಬೀ ಎಮ್ಮಿದು.”

“ನನ್ನ ಹರಕಿ ಮುರಿದೆಲ್ಲಬೇ.”

ಸೂಗಮ್ಮ ಎದ್ದು ನಿಂತಳು. ಕೊರಳ ಲಿಂಗವನ್ನು ಮುಷ್ಟಿಯಲ್ಲಿ ಹಿಡಿದಳು.

“ಲಿಂಗ ಮುಟ್ಟಿ ಹೇಳ್ತೀನ್ರೀ ಯವ್ವಾ. ಹರಕಿ ಮುರಿದಿಲ್ಲ.”

ಪೂಜೆಯಾಗದೆ ಗುಟುಕು ನೀರನ್ನೂ ಕುಡಿಯದವಳು ಸೂಗಮ್ಮ. ಅಂಥವಳು ಕಣ್ಣೆದುರಿಗೇ ಲಿಂಗ ಮುಟ್ಟಿ ಸುಳ್ಳು ಆಣೆ ಇಡುತ್ತಿದ್ದಾಳೆ. ಚನ್ನಮಲ್ಲಮ್ಮನಿಗೆ ಸಿಟ್ಟಿಗಿಂತ ಅಳು ಮುಂದಾಗಿ ಬಂತು. ಇಂಥ ಮೋಸವನ್ನು ಶತ್ರುಗಳೂ ಮಾಡಿರಲಿಲ್ಲ.

ಒಂದು ಮಾತನ್ನೂ ಕೇಳಲು ಅವಳು ತಯಾರಿರಲಿಲ್ಲ. ಸೀರೆ ಗಂಟು ಕಟ್ಟಿಕೊಳ್ಳಲು ಹೇಳಿದಳು. ಮುಂಜಾನೆಯ ಬಸ್ಸಿಗೆ ದೇವದುರ್ಗ ಸೇರು, ಮತ್ತೆ ಮುಖ ತೋರಿಸಬೇಡ ಎಂದಳು.

“ನನ್ನ ಮಗ ಬರ್ಲಿ. ನಿನ್ನ ಕರೀಬೇಕೋ ಬ್ಯಾಡೋ ಅವನೇ ಹೇಳ್ತಾನ. ಅಲ್ಲೀತನ ತವರಮನ್ಯಾಗ ಇರು.”

ಸೂಗಮ್ಮ ಗಂಜಿಯ ಪಾತ್ರೆಯನ್ನು ಒಲೆಯಿಂದ ಇಳಿಸಿದಳು. ಬಟ್ಟಲಿಗೆ ಬಡಿಸಿ ಅತ್ತೆಯ ಮುಂದಿಟ್ಟಳು. ಒಂದು ಹನಿಯೂ ಚೆಲ್ಲಲಿಲ್ಲ.

“ಯಾವ ತವರಮನಿಗೆ ಹೋಗ್ಲಿ ಯವ್ವಾ? ದಸರಾಕ್ಕ ಹೊಳಿ ದಾಟಿ ಬಂದ ನಿಮ್ಮ ಮಗ ಅಲ್ಲೇ ಅದಾನ, ನನ್ನ ತಂಗಿ ಗಂಡಾಗಿ.”