ಬಿಚ್ಚಿದ ಸಿಂಬಿ

ಹೆಲಿಕಾಪ್ಟರ್ ಸದ್ದು ಕೇಳಿದರೆ ಇವತ್ತಿಗೂ ನನ್ನ ಮೂಗಿಗೆ ಒದ್ದೆ ಸೀರೆಯ ವಾಸನೆ ಬಡಿಯುತ್ತದೆ. ನಾನು ತಲೆ ಎತ್ತಿ ನೋಡುವುದಿಲ್ಲ.

ಆಗ ನಾನು ಯಲವಿಗಿ ಊರಿನ ಶಾಲೆಯಲ್ಲಿ ಏಳನೇ ತರಗತಿಯಲ್ಲಿದ್ದೆ. ಹೀಲಿಕ್ಸ್ ಎಂದರೆ ಗ್ರೀಕರ ಮಾತಿನಲ್ಲಿ ಸುರುಳಿ, ಹೆಲಿಕಾಪ್ಟರ್ ಎಂಬ ಶಬ್ದ ಹುಟ್ಟಿದ್ದೂ ಅದರಿಂದಲೇ ಎಂದು ಇಂಗ್ಲಿಷ್ ಟೀಚರು ಹೇಳಿದರು. ನಾಳೆ ಒಬ್ಬೊಬ್ಬರೂ ಒಂದೊಂದು ಸುರುಳಿ ತನ್ನಿ ಎಂದರು.

ನಾನು ಅವ್ವನಿಗೆ ಹೇಳದೆ ಅವಳ ಸಿಂಬಿಯನ್ನೇ ಚೀಲಕ್ಕೆ ತುರುಕಿಕೊಂಡು ಹೋದೆ. ಕೊಡ ಹೊರುವಾಗ ತಲೆಗಿಟ್ಟುಕೊಳ್ಳುವ ಆ ಸಿಂಬಿಯನ್ನು ತೀರಿಹೋದ ಅಜ್ಜಿ ತನ್ನ ಹಳೇ ಸೀರೆ ಹರಿದು, ಬಿಗಿಯಾಗಿ ಸುತ್ತಿ ಹೊಲಿದುಕೊಟ್ಟಿದ್ದಳು.

"ಒಳಗೂ ಸುರುಳಿನ ಐತೇನ?" ಎಂದಳು ಪಕ್ಕದ ಹುಡುಗಿ. ತೋರಿಸುವ ಹುರುಪಿನಲ್ಲಿ ಹೊಲಿಗೆ ಕಿತ್ತು ಪೂರ್ತಿ ಬಿಚ್ಚಿಬಿಟ್ಟೆ. ಎಲ್ಲರೂ ಚಪ್ಪಾಳೆ ತಟ್ಟಿದರು. ಮತ್ತೆ ಸುತ್ತಲು ನನಗೆ ಬರಲಿಲ್ಲ.

ಸಂಜೆ ಬೋರಿಂಗ್ ಹತ್ತಿರ ಅವ್ವ ಎದುರಾದಳು. ಬರಿ ಸೆರಗು ಮಡಚಿ ತಲೆಗಿಟ್ಟು ತುಂಬಿದ ತಾಮ್ರದ ಕೊಡ ಹೊತ್ತಿದ್ದಳು. ಕೊಡ ಓಲಾಡಿ ನೀರು ತುಳುಕಿ, ಹೆಗಲ ಮೇಲಿನ ಸೀರೆ ತೊಯ್ದು ಮೈಗೆ ಅಂಟಿತ್ತು.

"ಸಿಂಬಿ ಎಲ್ಲೂ ಸಿಗವಲ್ತು. ನೀ ಏನರ ನೋಡೀಯೇನವಾ?"

"ಇಲ್ಬೇ."

ನನ್ನ ಚೀಲದ ಬಾಯಿಂದ ಅಜ್ಜಿಯ ಸೀರೆಯ ಹಸಿರು ಅಂಚು ಜೋತುಬಿದ್ದಿತ್ತು. ಅವ್ವ ಅದನ್ನೇ ಒಂದು ಗಳಿಗೆ ನೋಡಿದಳು. ಆಮೇಲೆ ಎರಡೂ ಕೈಯಿಂದ ಕೊಡ ಹಿಡಿದು ಮುಂದೆ ನಡೆದಳು.

"ಹೋಗ್ಲಿ ಬಿಡು. ಇವತ್ತ ಸಾಲ್ಯಾಗ ಏನ್ ಕಲಿಸಿದ್ರು, ಹೇಳು."