ಹಿತಕಿದ ಅವರೆ

ನುಣ್ಣಗೆ ರುಬ್ಬಿದರೆ ಗಂಟಲಲ್ಲೇನೋ ಇಳಿದೀತು, ಆದರೆ ಅವಳ ನಾಲಿಗೆಗೆ ಏನಾದರೂ ತಿಳಿದೀತೇ? ಬಾಯಿಗೆ ವಿಕಿರಣ ಚಿಕಿತ್ಸೆಯಾದ ಮೇಲೆ ಎಂಟು ತಿಂಗಳಿಂದ ಹೆಂಡತಿಗೆ ಯಾವ ರುಚಿಯೂ ಗೊತ್ತಾಗುತ್ತಿರಲಿಲ್ಲ. ಪಶುಪತಿ ನೆನೆಸಿದ ಬಿಳಿ ಅವರೆಯನ್ನು ಒಂದೊಂದಾಗಿ ಹಿತಕಿ ಸಿಪ್ಪೆ ತೆಗೆದ. ಬೇಯಿಸಿ, ಬೆಳ್ಳುಳ್ಳಿ, ನಿಂಬೆರಸ, ಎಣ್ಣೆ ಸೇರಿಸಿ ಬೆಣ್ಣೆಯಂತೆ ರುಬ್ಬಿ ಬಟ್ಟಲನ್ನು ಅವಳ ಮುಂದಿಟ್ಟ.

ಅವಳು ಬೆರಳಲ್ಲಿ ತೆಗೆದು ನೆಕ್ಕಿದಳು.

“ಹೇಗಿದೆ?”

“ರುಚಿ ಗೊತ್ತಾಗ್ತಿದೆ ರೀ. ಉಪ್ಪು ಒಂಚೂರು ಜಾಸ್ತಿ ಆಯ್ತು. ನಿಮ್ಮ ಕೈಯೇ ಹಾಗೆ, ಮದುವೆಯಾದಾಗಿಂದ ನೋಡ್ತಿದೀನಲ್ಲ.”

ಪಶುಪತಿ ತಾನೂ ಒಂಚೂರು ಬಾಯಿಗಿಟ್ಟುಕೊಂಡ.

“ಹೌದು ಕಣೇ. ನಾಳೆ ಕಡಿಮೆ ಹಾಕ್ತೀನಿ.”

ಉಪ್ಪು ಹಾಕುವುದನ್ನೇ ಮರೆತಿದ್ದೆ ಎಂದು ಅವನು ಅವಳಿಗೆ ಕೊನೆಯವರೆಗೂ ಹೇಳಲಿಲ್ಲ.