ಹಣೆ ಮತ್ತು ಫ್ಯಾನು

“ಇವರು ನಮ್ಮ ಮಾಮಾ ಅಲ್ಲ. ನಮ್ಮ ಮಾಮಾಗೆ ಮೀಸೆ ಇಲ್ಲ.”

ಶೋಳಿಂಗನಲ್ಲೂರಿನ ಆ ಹನ್ನೆರಡು ಮಹಡಿಯ ಅಪಾರ್ಟ್‌ಮೆಂಟಿನ ಗೇಟಿನಲ್ಲಿ, ಸೆಕ್ಯುರಿಟಿಯವನ ಕೈಯಲ್ಲಿದ್ದ ಟ್ಯಾಬಿನೊಳಗಿಂದ ಆರು ವರ್ಷದ ಗುರುಚರಣ ಹೀಗೆ ತೀರ್ಪು ಕೊಟ್ಟುಬಿಟ್ಟ. ಅವನ ಸ್ವಂತ ಸೋದರಮಾವ ಸುಶಮೀಂದ್ರ ಬಿಸಿಲಲ್ಲಿ ನಿಂತು ತನ್ನ ಮೀಸೆಯನ್ನು ಮುಟ್ಟಿ ನೋಡಿಕೊಂಡ. ಕಾಲೇಜಿನ ದಿನಗಳಿಂದ ಜೊತೆಗಿರುವ ಮೀಸೆ, ಇದ್ದ ಜಾಗದಲ್ಲೇ ಇತ್ತು.

ಆತುರಪಟ್ಟದ್ದು ಅವನದೇ ತಪ್ಪು ಅನ್ನಿ. ತಂಗಿ ಮಧುರಾ ಸಂಸಾರ ಸಮೇತ ಪುಣೆ ಬಿಟ್ಟು ಚೆನ್ನೈಗೆ ಬಂದು ಎರಡು ದಿನ ಆಗಿತ್ತು. ಆಫೀಸಿನಿಂದ ಆರಕ್ಕೆ ಬರ್ತೀನಿ, ಆಮೇಲೆ ಬಾ ಅಣ್ಣ ಅಂದಿದ್ದಳು. ಆರರ ತನಕ ಯಾರು ಕಾಯುತ್ತಾರೆ? ಇನ್ಶೂರೆನ್ಸ್ ಆಫೀಸಿಗೆ ಅರ್ಧ ದಿನ ರಜೆ ಹಾಕಿ, ಪಲ್ಲಾವರಂನಿಂದ ಎರಡು ಬಸ್ಸು ಬದಲಾಯಿಸಿ ಮೂರಕ್ಕೇ ಹಾಜರಾಗಿದ್ದ. ಮಧುರಾಳ ಆಫೀಸಿನಲ್ಲಿ ಫೋನನ್ನು ಹೊರಗಿಟ್ಟೇ ಒಳಗೆ ಹೋಗಬೇಕು. ಅವಳ ಗಂಡನದೂ ಅದೇ ಆಫೀಸು. ಮನೆಯಲ್ಲಿದ್ದವರು ಅಡುಗೆಯ ಭೀಮಾಬಾಯಿ ಮತ್ತು ಹುಡುಗ. ಭೀಮಾಬಾಯಿ ಸುಶಮೀಂದ್ರನನ್ನು ಕಂಡವಳಲ್ಲ, ಮನೆಯ ಟ್ಯಾಬು ಮುಟ್ಟುವವಳಂತೂ ಅಲ್ಲವೇ ಅಲ್ಲ. ಗುರುತು ಸಿಕ್ಕವರನ್ನು ಮಾತ್ರ ಒಳಗೆ ಬಿಡು ಎಂದು ಅಮ್ಮ ಹೇಳಿದ್ದನ್ನು ಹುಡುಗ ಶಿರಸಾ ವಹಿಸಿ ಪಾಲಿಸುತ್ತಿದ್ದ.

ಹುಡುಗ ಒಂದು ವರ್ಷದ ಕೂಸಾಗಿದ್ದಾಗ ಸುಶಮೀಂದ್ರ ಅವನನ್ನು ಎತ್ತಿಕೊಂಡದ್ದು. ಅಲ್ಲಿಂದ ಈಚೆಗೆ ಐದು ವರ್ಷ, ಒಂದು ಭಾನುವಾರವೂ ತಪ್ಪದೆ, ಪೂಜೆ ಮುಗಿಸಿ ಎದ್ದವನೇ ವಿಡಿಯೋ ಕಾಲ್ ಮಾಡುತ್ತಿದ್ದ. ಹೆಂಡತಿ ಮಕ್ಕಳಿಲ್ಲದ ಅವನಿಗೆ ವಾರ ಅಂದರೆ ಆ ಒಂದು ಗಂಟೆ. ಈ ಪೋರ ಓಡಿಬಂದು ತನ್ನ ತೊಡೆ ಏರಬೇಕು ಎಂಬ ಒಂದೇ ಆಸೆ ಹೊತ್ತು ಬಂದವನು ಗೇಟಿನಲ್ಲೇ ನಿಂತಿದ್ದ. ಬಿರಿಯಾನಿ ತಂದವನು ಒಳಗೆ ಹೋದ, ಎಸಿ ರಿಪೇರಿಯವನು ಹೋದ, ಯಾರದೋ ನಾಯಿಗೆ ಸ್ನಾನ ಮಾಡಿಸುವವಳೂ ಹೋದಳು.

ಸುಶಮೀಂದ್ರ ಪಟ್ಟು ಬಿಡಲಿಲ್ಲ. ಹೋದ ಭಾನುವಾರ ನಿನ್ನ ಮುಂದಿನ ಹಲ್ಲು ಬಿತ್ತಲ್ಲ ಎಂದ. ಅದನ್ನು ಮಾಮಾನೇ ನಿಮಗೆ ಹೇಳಿರಬಹುದು ಎಂದ ಹುಡುಗ. ಸೋಫಾ ಕೆಳಗೆ ಚಪಾತಿ ಬಚ್ಚಿಟ್ಟ ಗುಟ್ಟನ್ನೂ ಸುಶಮೀಂದ್ರ ಹೊರಗೆಡವಿದ. ಹುಡುಗ ಪರದೆಗೆ ಮುಖ ಹತ್ತಿರ ತಂದ. ಆಮೇಲೆ ಬಹಳ ಗಂಭೀರವಾಗಿ ಕೇಳಿದ, “ಅಂಕಲ್, ನಮ್ಮ ಮಾಮಾನ ವಾಯ್ಸ್ ನಿಮ್ಮ ಹತ್ರ ಹೇಗೆ ಬಂತು?”

ಸೆಕ್ಯುರಿಟಿಯವನಿಗೆ ಕನ್ನಡ ಬಾರದಿದ್ದರೂ ಅವನೂ ಈಗ ಸುಶಮೀಂದ್ರನನ್ನು ಅನುಮಾನದಿಂದ ನೋಡತೊಡಗಿದ.

“ಸರಿಯಪ್ಪ, ನಿಮ್ಮ ಮಾಮಾ ಹೇಗಿರ್ತಾರೆ, ನೀನೇ ಹೇಳು.”

“ಮಾಮಾಗೆ ಹಣೆ ಇದೆ. ಹಣೆ ಮೇಲೆ ಕಪ್ಪು ಗೆರೆ, ಕೆಂಪು ಬೊಟ್ಟು. ಮೇಲೆ ಫ್ಯಾನ್ ಇದೆ. ಅಷ್ಟೇ.”

ಸುಶಮೀಂದ್ರನಿಗೆ ಕಪಾಳಕ್ಕೆ ಹೊಡೆದ ಹಾಗಾಯಿತು. ಫೋನು ಸರಿಯಾಗಿ ಹಿಡಿಯೋ ಮಾರಾಯ ಎಂದು ತಂಗಿ ನೂರು ಸಲ ಬಡಿದುಕೊಂಡಿದ್ದಳು. ಇವನು ಕೇಳಿದ್ದರೆ ತಾನೆ. ಪರದೆಯ ಮೂಲೆಯ ಪುಟ್ಟ ಚೌಕದಲ್ಲಿ ತಾನು ಹೇಗೆ ಕಾಣುತ್ತೇನೆಂದು ಒಂದು ದಿನವೂ ನೋಡಿಕೊಂಡವನಲ್ಲ. ಹುಡುಗನನ್ನು ನೋಡುವುದು ಬಿಟ್ಟು ಅದನ್ನು ಯಾಕೆ ನೋಡಲಿ? ಐದು ವರ್ಷ ಅವನು ಕಂಡದ್ದು ಮಗುವನ್ನು, ಮಗು ಕಂಡದ್ದು ಅಂಗಾರ ಅಕ್ಷತೆಯ ಹಣೆಯನ್ನು ಮತ್ತು ತಿರುಗುವ ಫ್ಯಾನನ್ನು.

ಇವತ್ತು ನೋಡಿದರೆ ಹಣೆ ಬೋಳು. ಬೆಳಿಗ್ಗೆ ಇಟ್ಟುಕೊಂಡದ್ದು ಬೆವರಿಗೆ ಇಳಿಯತೊಡಗಿದಾಗ, ಹುಡುಗನ ಮುಂದೆ ಮುಖ ಚೊಕ್ಕವಾಗಿರಲಿ ಎಂದು ಬಸ್ಸಿನಲ್ಲಿ ಅವನೇ ಒರೆಸಿಕೊಂಡಿದ್ದ. ಸೆಕ್ಯುರಿಟಿಯವನಿಗೆ ತಮಿಳಿನಲ್ಲಿ ತನ್ನ ಕಷ್ಟ ವಿವರಿಸಿದ. ಆತ ಪೂರ್ತಿ ಕೇಳಿಸಿಕೊಂಡು, ಕಾರಿನ ನಂಬರು ಬರೆಯುವ ಕಪ್ಪು ಮಾರ್ಕರು ತಂದು ಹಣೆಯ ನಡುವೆ ನೇರವಾಗಿ ಒಂದು ಗೆರೆ ಎಳೆದ. ಕೆಂಪು ಪೆನ್ನಿನಿಂದ ಕೆಳಗೊಂದು ಬೊಟ್ಟು ತಿದ್ದಿದ. ಸುಶಮೀಂದ್ರ ಅವನ ಕೋಣೆಯ ಫ್ಯಾನಿನ ಕೆಳಗೆ ಸ್ಟೂಲು ಹಾಕಿ ಕೂತು, ಟ್ಯಾಬನ್ನು ಎಂದಿನ ಹಾಗೆ ಸೊಟ್ಟಗೆ ಹಿಡಿದ.

“ಮಾಮಾ!” ಎಂದು ಕಿರುಚಿದ ಹುಡುಗ. “ಎಲ್ಲಿ ಹೋಗಿದ್ದೆ ನೀನು?”

ಗೇಟು ತೆರೆಯಿತು. ಸುಶಮೀಂದ್ರ ಒಂಬತ್ತನೇ ಮಹಡಿಗೆ ಹೋದ. ಭೀಮಾಬಾಯಿ ಬಾಗಿಲು ತೆಗೆದು, ಮಾರ್ಕರು ಬಳಿದ ಹಣೆ ನೋಡಿ ಸೆರಗು ಬಾಯಿಗೆ ಒತ್ತಿಕೊಂಡಳು. ಅವಳ ಹಿಂದಿನಿಂದ ಇಣುಕಿದ ಗುರುಚರಣ ಮೂಗು, ಕನ್ನಡಕ, ಮೀಸೆ, ಕಿವಿ ಎಲ್ಲವನ್ನೂ ಒಟ್ಟಿಗೇ ಕಂಡವನು, ಒಳಗೆ ಓಡಿ ರೂಮಿನ ಚಿಲಕ ಹಾಕಿಕೊಂಡ. ಸುಶಮೀಂದ್ರ ಸೋಫಾದ ಮೇಲೆ ಕುಸಿದು ಕೂತ. ಇಷ್ಟು ದಿನ ಪ್ರೀತಿಸಿದ್ದಕ್ಕೆ ಈ ಮುಖ ಒಂದು ಅಡ್ಡ ಬಂತಲ್ಲ ಎಂದು ಅವನಿಗೆ ಅಳುವೇ ಬಂತು.

ಅಷ್ಟರಲ್ಲಿ ಜೇಬಿನ ಫೋನು ಕೂಗಿತು. ರೂಮಿನೊಳಗಿಂದ ಹುಡುಗನ ವಿಡಿಯೋ ಕಾಲ್. “ಮಾಮಾ, ಬೇಗ ಬಾ,” ಎಂದು ಪಿಸುಗುಟ್ಟಿದ. “ಮನೆಗೆ ಯಾರೋ ಬಂದಿದ್ದಾರೆ.”

“ನಾನು ಹಾಲ್‌ನಲ್ಲೇ ಇದ್ದೀನಿ ಪುಟ್ಟಾ. ಹೆದರಬೇಡ, ಬಾ.”

ಬಹಳ ಹೊತ್ತಿನ ಮೇಲೆ ಚಿಲಕ ಸರಿಯಿತು. ಗುರುಚರಣ ನೆಲ ನೋಡುತ್ತ ನಡೆದುಬಂದು, ನೆಲ ನೋಡುತ್ತಲೇ ಸುಶಮೀಂದ್ರನ ತೊಡೆ ಏರಿದ. ಎರಡೂ ಅಂಗೈ ಚಾಚಿ ಅವನ ಹುಬ್ಬಿನಿಂದ ಗದ್ದದ ತನಕ ಪೂರ್ತಿ ಮುಚ್ಚಿ, ಆಮೇಲೆ ಮೆಲ್ಲಗೆ ತಲೆ ಎತ್ತಿದ.

“ಇವತ್ತಿಗೆ ಇಷ್ಟೇ ಸಾಕು ಮಾಮಾ,” ಎಂದ. “ನಾಳೆ ಬಾ, ಮೂಗು ನೋಡ್ತೀನಿ.”